ತಡಿ, ಹಲ್ಲಣ, ಜೀನು: ಕುದುರೆಯ ಬೆನ್ನಿಗೆ ಯಾವ ಪದ ಹಾಕೋಣ?

ಮಕ್ಕಳ ಕತೆಯೊಂದನ್ನು ಕನ್ನಡಕ್ಕೆ ತರುತ್ತಿದ್ದೆ. ಅದರಲ್ಲಿ ರಾಜಕುಮಾರ ಕುದುರೆ ಏರಿ ಕೂರುತ್ತಾನೆ. ನಾನು "ರಾಜಕುಮಾರ ತಡಿಯ ಮೇಲೆ ಕೂತ" ಎಂದು ಬರೆದೆ. ಓದಿ ನೋಡಲು ಹತ್ತು ವರ್ಷದ ಹುಡುಗಿಗೆ ಕೊಟ್ಟೆ. ಅವಳು ಓದಿ, "ಕುದುರೆ ಹತ್ತೋದು ಬಿಟ್ಟು ಹೊಳೆ ಹತ್ರ ಯಾಕೆ ಹೋದ?" ಎಂದಳು.

ಅವಳದೇನೂ ತಪ್ಪಿಲ್ಲ. ತಡಿ ಅಂದರೆ ದಡ. ಹೊಳೆಯ ತಡಿ, ಕಡಲ ತಡಿ ಎಂದು ನಾವು ದಿನವೂ ಓದುತ್ತೇವೆ. ಸವಾರ ಕೂರಲು ಕುದುರೆಯ ಬೆನ್ನಿಗೆ ಬಿಗಿಯುವ ಆಸನ, ಅಂದರೆ ಇಂಗ್ಲಿಷಿನ ಸ್ಯಾಡಲ್, ಎಂಬ ಅರ್ಥದ ತಡಿ ನಿಘಂಟಿನಲ್ಲಿದೆ, ಬಾಯಲ್ಲಿಲ್ಲ. ಸರಿ, ಬೇರೆ ಪದ ಹಾಕೋಣ ಅಂತ ಹೊರಟೆ. ಒಂದು ಪದ ಹುಡುಕಲು ಹೋದವನಿಗೆ ಲಾಯವೇ ಸಿಕ್ಕಿತು.

ನಮ್ಮಲ್ಲಿ ಈ ವಸ್ತುವಿಗೆ ಮುಖ್ಯವಾಗಿ ಮೂರು ಹೆಸರು: ತಡಿ, ಹಲ್ಲಣ, ಜೀನು. ನನಗೆ ಜಾಸ್ತಿ ಕಾಡಿದ್ದು ನಡುವಿನದು.

ಹಲ್ಲಣದ ಹಳೆಯ ರೂಪ ಪಲ್ಲಣ. ಮೂಲ ಸಂಸ್ಕೃತದ ಪರ್ಯಾಣ, ಅದು ಪ್ರಾಕೃತದಲ್ಲಿ ಪಲ್ಲಾಣ. ಹಿಂದಿಯ ಪಲಾನ್ ಇದೇ ಮನೆಯದು. ಪರ್ಯಾಣದ 'ರ್ಯ' ಪ್ರಾಕೃತಕ್ಕೆ ಬಂದಾಗ 'ಲ್ಲ' ಆಗಿದೆ. ಇದು ಒಂದೇ ಪದದಲ್ಲಿ ನಡೆದ ಆಕಸ್ಮಿಕವಲ್ಲ. ಮಂಚ ಎಂಬ ಅರ್ಥದ ಪರ್ಯಂಕ ಕೂಡ ಹೀಗೇ ಪಲ್ಲಂಕ ಆಯಿತು. ನಮ್ಮ ಪಲ್ಲಕ್ಕಿಯೂ ಹಿಂದಿಯ ಪಲಂಗ್ ಕೂಡ ಅದರಿಂದಲೇ ಹುಟ್ಟಿದವು. ಕುದುರೆಯ ಬೆನ್ನಿನ ಹಲ್ಲಣ, ಜನರ ಹೆಗಲಿನ ಪಲ್ಲಕ್ಕಿ, ಎರಡೂ ಒಂದೇ ದಾರಿಯಲ್ಲಿ ಸವೆದು ಬಂದ ಪದಗಳು.

ಕನ್ನಡಕ್ಕೆ ಬಂದ ಮೇಲೆ ಪಲ್ಲಣಕ್ಕೆ ನಮ್ಮ ಪದಗಳ ಗತಿಯೇ ಆಯಿತು. ಪಾಲು ಹಾಲಾಯಿತು, ಪುಲಿ ಹುಲಿಯಾಯಿತು, ಪಲ್ಲಣ ಹಲ್ಲಣವಾಯಿತು. ಅಂದರೆ ಪಕಾರ ಹಕಾರವಾಗುವ ಕಾಲಕ್ಕೆ ಈ ಪದ ಆಗಲೇ ನಮ್ಮ ಬಾಯಲ್ಲಿ ಓಡಾಡುತ್ತಿತ್ತು. ನಿನ್ನೆ ಮೊನ್ನೆ ಬಂದ ನೆಂಟ ಅಲ್ಲ. ಪಲ್ಲಕ್ಕಿ ಮಾತ್ರ ಯಾಕೋ ತನ್ನ ಪಕಾರ ಬಿಟ್ಟುಕೊಡಲಿಲ್ಲ. ಹಲ್ಲಣದಿಂದ ಕ್ರಿಯಾಪದವೂ ಹುಟ್ಟಿತು: ಹಲ್ಲಣಿಸು. ಕುದುರೆಗೆ ಜೀನು ಬಿಗಿ ಎಂದರ್ಥ. ಮೂರು ಪದದ ಕೆಲಸವನ್ನು ಒಂದೇ ಪದ ಮುಗಿಸುತ್ತದೆ.

ಇಷ್ಟೆಲ್ಲ ಇದ್ದ ಪದ ಮಾಯವಾದದ್ದು ಹೇಗೆ? ಇನ್ನೂ ಸೋಜಿಗವೆಂದರೆ, ಅದು ಮಾಯವಾಗಿದೆ ಎಂದು ನಮಗೆ ಗೊತ್ತೇ ಇಲ್ಲ. ಅಲ್ಲಮಪ್ರಭುವಿನ ವಚನವೊಂದಿದೆ. ಕೊಟ್ಟ ಕುದುರೆಯನ್ನು ಏರಲು ಬಾರದೆ ಇನ್ನೊಂದು ಕುದುರೆ ಬಯಸುವವರನ್ನು ಕುರಿತದ್ದು. ಭಾಷಣದಲ್ಲಿ, ಪರೀಕ್ಷೆಯಲ್ಲಿ, ಎಲ್ಲ ಕಡೆ ಅದರ ಮೊದಲ ಸಾಲು ಬರುತ್ತದೆ. ಮುಂದೆ ಆತ ಏನು ಹೇಳುತ್ತಾನೆ ನೋಡಿ. ಮೂರು ಲೋಕವೂ ಹಲ್ಲಣವನ್ನು ಹೊತ್ತುಕೊಂಡು ಬಳಲುತ್ತಿದೆ ಎನ್ನುತ್ತಾನೆ. ಹಲ್ಲಣ ಅಂದರೆ ಏನೆಂದು ಗೊತ್ತಿದ್ದರೆ ಚಿತ್ರ ಕಣ್ಣಿಗೆ ಹೊಡೆಯುತ್ತದೆ. ಕುದುರೆ ಪಕ್ಕದಲ್ಲೇ ನಿಂತಿದೆ. ಜೀನನ್ನು ಅದರ ಬೆನ್ನಿಗೆ ಹಾಕಿ ಹತ್ತುವ ಬದಲು ಮನುಷ್ಯ ತಾನೇ ಅದನ್ನು ಹೊತ್ತು ನಡೆಯುತ್ತಿದ್ದಾನೆ. ನಗು ಬರುವಂಥ ಚಿತ್ರ, ಅಷ್ಟೇ ಕ್ರೂರ ಕೂಡ. ಆದರೆ ಹಲ್ಲಣ ಗೊತ್ತಿಲ್ಲದವರಿಗೆ ಅದು ಏನೋ ಒಂದು ಹೊರೆ, ಅಷ್ಟೆ. ಪರಿಚಯದವರೊಬ್ಬರು ಅದನ್ನು ಹಲ್ಲಿಗೆ ಜೋಡಿಸಿ ಅರ್ಥ ಹೇಳಿದ್ದನ್ನೂ ಕೇಳಿದ್ದೇನೆ. 12ನೇ ಶತಮಾನದ ಒಂದು ಒಳ್ಳೆಯ ಕುಚೋದ್ಯ ಒಂದು ಪದದ ಸಾವಿನಿಂದ ಮಂಕಾಯಿತು, ಅಲ್ವಾ?

ಜೀನು ಪಾರಸಿಯದು. ಅಲ್ಲಿ ಜೀನ್. ಬಹಮನಿ, ಆದಿಲಶಾಹಿ ದರ್ಬಾರುಗಳ ಜೊತೆ ಪಾರಸಿ ದಖ್ಖನಿನಲ್ಲಿ ನೆಲೆಯಾಯಿತು. ಕುದುರೆಯ ಸಾಮಾನಿನಲ್ಲಿ ಅರ್ಧಕ್ಕರ್ಧ ಆ ಕಡೆಯ ಹೆಸರುಗಳೇ ಆದವು. ಬಾಯಿಗೆ ಲಗಾಮು, ಕಾಲಿಡಲು ರಿಕಾಬು, ಹೊಡೆಯಲು ಚಾಬೂಕು, ಹೊದಿಸಲು ಜೂಲು. ಮೊದಲು ನಮ್ಮಲ್ಲಿ ಪದ ಇರಲಿಲ್ಲ ಅಂತೇನಲ್ಲ. ರಿಕಾಬಿಗೆ ಅಂಕವಣಿ ಎಂಬ ಚೆಂದದ ಪದ ಇತ್ತು. ಲಗಾಮಿನ ಹಗ್ಗಕ್ಕೆ ವಾಘೆ, ಅದು ಸಂಸ್ಕೃತದ ವಲ್ಗಾದಿಂದ ಬಂದದ್ದು. ಕುದುರೆಯ ಕವಚಕ್ಕೆ ಹಕ್ಕರಿಕೆ. ಇವೆಲ್ಲ ಈಗ ಕಾವ್ಯದ ಅಡಿಟಿಪ್ಪಣಿಯಲ್ಲಿ ಮಲಗಿವೆ.

ಬದುಕಿ ಉಳಿದದ್ದು ಕಡಿವಾಣ ಒಂದೇ. ಬೆಲೆಯೇರಿಕೆಗೆ ಕಡಿವಾಣ, ಬಾಯಿಗೆ ಕಡಿವಾಣ. ಕುದುರೆಯನ್ನೇ ನೋಡದವರೂ ಬಳಸುತ್ತಾರೆ. ಇದರ ಮೊದಲ ಭಾಗ 'ಕಡಿ', ಹಲ್ಲಿನಿಂದ ಕಚ್ಚು ಎಂಬರ್ಥದ್ದು. ಮಲಯಾಳದ ಕಡಿಞ್ಞಾಣ್ ನೋಡಿದರೆ ಸ್ಪಷ್ಟವಾಗುತ್ತದೆ. ಅಲ್ಲಿ ಞಾಣ್ ಅಂದರೆ ಹಗ್ಗ. ಕುದುರೆ ಕಚ್ಚಿಕೊಂಡಿರುವ ಹಗ್ಗ. ತಮಿಳಿನಲ್ಲಿ ಕಡಿವಾಳಂ. ಕಡಿವಾಣವೇ ಯಾಕೆ ಉಳಿಯಿತು ಎಂದರೆ, ನನಗನ್ನಿಸುವುದು ಇಷ್ಟು: ಅದಕ್ಕೆ ಕುದುರೆಯ ಹೊರಗೂ ಕೆಲಸ ಸಿಕ್ಕಿತು. ತಡೆಯಬೇಕಾದ ವಸ್ತುಗಳಿಗೆ ಯಾವ ಕಾಲದಲ್ಲೂ ಬರವಿಲ್ಲ.

ಹಾಗೆ ನೋಡಿದರೆ ಹಲ್ಲಣಕ್ಕೂ ಕೆಲಸ ಸಿಗಬಹುದಿತ್ತು. ಇಂಗ್ಲಿಷಿನವರು ಬೇಡದ ಹೊಣೆಯನ್ನು ಒಬ್ಬನ ಬೆನ್ನಿಗೆ ಜೀನಿನಂತೆ ಹಾಕುತ್ತಾರೆ. ನಾವು ಅದನ್ನು ತಲೆಗೆ ಕಟ್ಟುತ್ತೇವೆ, ಕೊರಳಿಗೆ ಕಟ್ಟುತ್ತೇವೆ, ಹೆಗಲಿಗೆ ಏರಿಸುತ್ತೇವೆ. ಬೆನ್ನು ನಮಗೆ ಬೇಡವಾಯಿತು. ಮರಾಠಿಯವರು ಇದರಲ್ಲಿ ಜಾಣರು. ಜೀನಿನ ಮೆತ್ತೆಗೆ ಅವರಲ್ಲಿ ಖೋಗೀರ ಎನ್ನುತ್ತಾರೆ, ಅದೂ ಪಾರಸಿಯದೇ, ಬೆವರು ಹಿಡಿಯುವ ಬಟ್ಟೆ ಎಂಬ ಅರ್ಥ. ಅದರೊಳಗೆ ತುರುಕುವ ಚಿಂದಿ ಖೋಗೀರಭರತಿ. ಕೆಲಸಕ್ಕೆ ಬಾರದ ಜನರನ್ನು ಸುಮ್ನೆ ತುಂಬಿಕೊಂಡರೆ ಅದಕ್ಕೂ ಖೋಗೀರಭರತಿ ಅನ್ನುತ್ತಾರೆ. ಈ ಒಂದು ಪದಕ್ಕೆ ನನಗೆ ಹೊಟ್ಟೆಕಿಚ್ಚಿದೆ.

ಜೀನಿನಿಂದ ಹುಟ್ಟಿದ ಒಂದು ಹೆಸರೂ ಇದೆ: ಜೀನಗಾರ. ಉತ್ತರ ಕರ್ನಾಟಕದಲ್ಲೂ ಮಹಾರಾಷ್ಟ್ರದಲ್ಲೂ ಈ ಅಡ್ಡಹೆಸರಿನವರಿದ್ದಾರೆ. ಜಿನಗಾರ ಎಂದೂ ಬರೆಯುತ್ತಾರೆ. ಹ್ರಸ್ವ ನೋಡಿ ಇದನ್ನು ಜೈನರ ಜಿನನಿಗೆ ಗಂಟು ಹಾಕಲು ಹೋಗಬಾರದು. ಇದು ಪಾರಸಿಯ ಜೀನ್‌ಗರ್, ಜೀನು ಮಾಡುವವನು. ಸೌದಾಗರ, ಜಾದೂಗಾರ ಪದಗಳಲ್ಲಿರುವ ಗರ್ ಇದೇ. ಕನ್ನಡಕ್ಕೆ ಬಂದಾಗ ಇದು ನಮ್ಮ ಹಾಡುಗಾರ, ಸಾಲಗಾರರ ಪಕ್ಕ ಆರಾಮಾಗಿ ಕೂತುಬಿಟ್ಟಿತು. ನಮ್ಮ 'ಗಾರ' ಸಂಸ್ಕೃತದ 'ಕಾರ'ದಿಂದ ಬಂದದ್ದು. ಪಾರಸಿಯ ಗರ್ ಮತ್ತು ಸಂಸ್ಕೃತದ ಕಾರ ದೂರದ ದಾಯಾದಿಗಳು. ಬೇರೆ ಬೇರೆ ದಾರಿಯಲ್ಲಿ ಬಂದು ಕನ್ನಡದ ಜಗಲಿಯಲ್ಲಿ ಮತ್ತೆ ಒಂದಾದರು. ಇಂಗ್ಲಿಷಿನ ಸ್ಯಾಡ್ಲರ್, ಜರ್ಮನ್ನಿನ ಸಾಟ್ಲರ್ ಮನೆತನದ ಹೆಸರುಗಳೂ ಇದೇ ಕಸುಬಿನವು.

ಇಂಗ್ಲಿಷಿನ ಸ್ಯಾಡಲ್ ಪದದ ಬೇರು ಕೂರುವುದು. ಸಿಟ್, ಸೀಟ್, ಸೆಟಲ್ ಎಲ್ಲ ಒಂದೇ ಬಳಗ. ಸಂಸ್ಕೃತದ 'ಸದ್' ಧಾತುವೂ ಆ ಬಳಗಕ್ಕೇ ಸೇರಿದ್ದು. ಅಂದರೆ ಸದನ, ಸದಸ್ಯ, ಸಂಸತ್ತು, ಪರಿಷತ್ತು ಇವೆಲ್ಲ ಸ್ಯಾಡಲ್ಲಿನ ನೆಂಟರು. ಲ್ಯಾಟಿನ್ನಿನ ಸೆಲ್ಲಾ ಕೂಡ. ನಮ್ಮ ತಲೆಬುರುಡೆಯೊಳಗೆ ಪಿಟ್ಯುಟರಿ ಗ್ರಂಥಿ ಕೂತಿರುವ ಮೂಳೆಯ ಗುಳಿಗೆ ವೈದ್ಯರು ಸೆಲ್ಲಾ ಟರ್ಸಿಕಾ ಅನ್ನುತ್ತಾರೆ, ತುರ್ಕಿಯ ಜೀನು ಎಂದು. ಎಲ್ಲರ ತಲೆಯಲ್ಲೂ ಒಂದು ಜೀನಿದೆ!

ಇಂಥ ನೆಂಟಸ್ತನ ನೋಡಿ ಹುರುಪಾದಾಗ ಒಂದು ಎಚ್ಚರ ಬೇಕು. ಕುರ್ಚಿ ನಮ್ಮ ಕೂರುವುದಕ್ಕೆ ಎಷ್ಟು ಹತ್ತಿರ ಕೇಳಿಸುತ್ತದೆ. ಅದು ಅರಬ್ಬಿಯ ಕುರ್ಸಿ, ಕೂರುವುದಕ್ಕೂ ಅದಕ್ಕೂ ಸಂಬಂಧವಿಲ್ಲ. ಜಿಪುಣ ಎಂಬ ಅರ್ಥದ ಜೀನನಿಗೂ ಈ ಜೀನಿಗೂ ಸಂಬಂಧವಿಲ್ಲ. ಜೀನ್ಸ್ ಪ್ಯಾಂಟಿಗಂತೂ ಇಲ್ಲವೇ ಇಲ್ಲ, ಆ ಹೆಸರು ಇಟಲಿಯ ಜಿನೋವಾ ಊರಿನದು.

ಇನ್ನು ಸವಾರ. ಇದನ್ನು ಹೇಳದೆ ಮುಂದೆ ಹೋಗಲು ಮನಸ್ಸಿಲ್ಲ. ಹಳೆಯ ಪಾರಸಿಯಲ್ಲಿ ಅಸಬಾರ, ಕುದುರೆ ಯಾರನ್ನು ಹೊತ್ತಿದೆಯೋ ಅವನು, ಅಂದರೆ ಕುದುರೆಯ ಮೇಲಿರುವವನು. ನಮ್ಮ ಅಶ್ವ, ಭಾರ ಪದಗಳ ನೆರಳು ಅದರಲ್ಲಿ ಕಾಣುತ್ತದೆ. ಮೊದಲ ಅಕ್ಷರ ಉದುರಿ ಸವಾರ ಆಯಿತು. ಈಗ ಬೈಕ್ ಸವಾರ ಅನ್ನುತ್ತೇವಲ್ಲ, ಆ ಪದದೊಳಗೆ ಒಂದು ಕುದುರೆ ಇನ್ನೂ ಓಡುತ್ತಿದೆ.

ಈಗ ನನ್ನ ಪ್ರಶ್ನೆಗೆ ಬರುತ್ತೇನೆ. ಗಣಿತದಲ್ಲಿ ಸ್ಯಾಡಲ್ ಪಾಯಿಂಟ್ ಎಂಬುದಿದೆ. ಮೇಲ್ಮೈ ಒಂದು ದಿಕ್ಕಿನಲ್ಲಿ ಮೇಲಕ್ಕೆ ಬಾಗಿರುತ್ತದೆ, ಅಡ್ಡ ದಿಕ್ಕಿನಲ್ಲಿ ಕೆಳಕ್ಕೆ ಇಳಿದಿರುತ್ತದೆ. ಥೇಟ್ ಜೀನಿನ ಹಾಗೆ. ಎರಡು ಬೆಟ್ಟಗಳ ನಡುವಿನ ತಗ್ಗಿಗೂ ಇದೇ ಹೆಸರು. ಇಲ್ಲಿ ತಡಿ ಹಾಕಿದರೆ ಮತ್ತೆ ದಡದ ಗೊಂದಲ. ಬೆಟ್ಟದ ತಡಿ ಅಂದರೆ ತಪ್ಪಲು ಅಂದುಕೊಳ್ಳುತ್ತಾರೆ. ನನ್ನ ಮತ ಹಲ್ಲಣಕ್ಕೆ. ಹಲ್ಲಣ ಬಿಂದು ಎಂದರೆ ಬೇರೆ ಯಾವ ಅರ್ಥವೂ ಅಡ್ಡ ಬರುವುದಿಲ್ಲ. ಆಡುಮಾತಿನಲ್ಲಿ ಹಲ್ಲಣ ಅಥವಾ ಅಂಕವಣಿ ಬಳಸುವುದನ್ನು ಯಾರಾದರೂ ಕಿವಿಯಾರೆ ಕೇಳಿದ್ದೀರಾ? ಜೀನಿನ ಮುಂದುಗಡೆ ಕೈಯಲ್ಲಿ ಹಿಡಿಯಲು ಒಂದು ಗುಬ್ಬ ಇರುತ್ತದೆ. ಕುದುರೆ ಸಾಕಿದವರು ಅದಕ್ಕೆ ಏನಂತೀರಿ?

ಮಕ್ಕಳ ಕತೆಗೆ ಮಾತ್ರ ಜೀನು ಎಂದೇ ಬರೆದು ಕೊಟ್ಟೆ. ಕರಡಚ್ಚು ಬಂತು. ಅಚ್ಚು ಜೋಡಿಸಿದವರು ತಪ್ಪು ತಿದ್ದಿದೆವು ಅಂದುಕೊಂಡಿರಬೇಕು. ರಾಜಕುಮಾರ ಈಗ ಜೇನಿನ ಮೇಲೆ ಕೂತಿದ್ದಾನೆ.