ನಾಟಕದವರು ಕ್ಯಾಮೆರಾ ಮುಂದೆ ಹೇಗೆ ಹೊಂದಿಕೊಂಡಿರಿ? ಅನುಭವ ಹೇಳಿ

ಕೇಳಿದ್ದು: ಹತ್ತು ವರ್ಷದಿಂದ ಹವ್ಯಾಸಿ ನಾಟಕ ಮಾಡುತ್ತಿದ್ದೇನೆ. ಮೊದಲ ಸಲ ಕಿರುಚಿತ್ರದಲ್ಲಿ ಪಾತ್ರ ಸಿಕ್ಕಿದೆ. ಪ್ರತಿ ಟೇಕ್ ಆದಮೇಲೂ "ನಾಟಕ ಜಾಸ್ತಿ ಆಯ್ತು" ಅನ್ನುತ್ತಾರೆ. ಕಡಿಮೆ ಮಾಡಿದರೆ ಮುಖ ಸಪ್ಪೆಯಾಗುತ್ತದೆ. ಏನು ಮಾಡಲಿ?

ಉತ್ತರ 1: ನನಗೂ ಇದೇ ಆಗಿತ್ತು. ದಾರಿ ತೋರಿಸಿದ್ದು ಬ್ರಿಟಿಷ್ ನಟ ಇಯಾನ್ ಮೆಕೆಲನ್. 'ಲಾರ್ಡ್ ಆಫ್ ದಿ ರಿಂಗ್ಸ್' ಸಿನಿಮಾಗಳಲ್ಲಿ ಮಾಂತ್ರಿಕ ಗ್ಯಾಂಡಾಲ್ಫ್ ಪಾತ್ರದಲ್ಲಿ ನೋಡಿರುತ್ತೀರಿ, ಅಲ್ವಾ? ಅದಕ್ಕೆ ನಲವತ್ತು ವರ್ಷ ಮೊದಲೇ, 1961ರಲ್ಲಿ, ಕವೆಂಟ್ರಿಯ ಬೆಲ್‌ಗ್ರೇಡ್ ಥಿಯೇಟರಿನಲ್ಲಿ ಅವರು ರಂಗಕ್ಕೆ ಬಂದರು. 1976ರಲ್ಲಿ ನಟಿ ಜೂಡಿ ಡೆಂಚ್ ಜೊತೆ ಶೇಕ್ಸ್‌ಪಿಯರ್‌ನ ಮ್ಯಾಕ್‌ಬೆತ್ ಆಡಿದ್ದು ಸ್ಟ್ರಾಟ್‌ಫರ್ಡಿನ ಒಂದು ತಗಡಿನ ಶೆಡ್ಡಿನಲ್ಲಿ. ಜನ ಅಷ್ಟು ಹತ್ತಿರ ಕೂತಿರುವಾಗ ಕೂಗುವುದೇ ಬೇಕಿಲ್ಲ. ಆ ನಾಟಕ 1979ರಲ್ಲಿ ಟಿವಿಗೆ ಬಂತು. ಹುಡುಕಿ ನೋಡಿ. ಪಿಸುಮಾತಿನಲ್ಲೂ ಒಳಗಿನ ಕುದಿ ಒಂದಿಷ್ಟೂ ಇಳಿದಿಲ್ಲ.

ನನಗೆ ನಿಜವಾಗಿ ಅರ್ಥವಾಗಿದ್ದು ಶೇಕ್ಸ್‌ಪಿಯರ್ ನಾಟಕದಿಂದ ಮಾಡಿದ, ಮೆಕೆಲನ್ ನಟಿಸಿದ 1995ರ 'ಮೂರನೇ ರಿಚರ್ಡ್' ಸಿನಿಮಾದ ಮೊದಲ ಸ್ವಗತದಿಂದ. ಅದೇ ಪಾತ್ರವನ್ನು ಅವರು 1990ರಲ್ಲಿ ನ್ಯಾಷನಲ್ ಥಿಯೇಟರಿಗೆ ಆಡಿದ್ದರು. ಸಿನಿಮಾದಲ್ಲಿ ಆ ಸ್ವಗತ ಔತಣಕೂಟದ ಮೈಕ್ ಮುಂದೆ ಭಾಷಣವಾಗಿ ಶುರುವಾಗುತ್ತದೆ. ನಡುವೆ ಶೌಚಾಲಯಕ್ಕೆ ಹೋಗುತ್ತಾರೆ. ಅಲ್ಲಿ ತಮಗೆ ತಾವೇ ಹೇಳಿಕೊಳ್ಳುತ್ತಾರೆ. ಆಮೇಲೆ ಕನ್ನಡಿಯಲ್ಲಿ ನಮ್ಮನ್ನು ಕಂಡು, ನಮಗೇ ಹೇಳುತ್ತಾರೆ. ಕೇಳುವವರು ಬದಲಾದ ಹಾಗೆ ದನಿ ತಾನಾಗಿ ಇಳಿಯುತ್ತದೆ.

ನೀವು ಸುಮ್ನೆ "ಕಡಿಮೆ" ಮಾಡಲು ಹೋಗಬೇಡಿ. ಯಾರಿಗೆ ಹೇಳುತ್ತಿದ್ದೀರಿ ಅನ್ನುವುದನ್ನು ಬದಲಿಸಿ. ಕೊನೆ ಸಾಲಿನವರಿಗೆ ಹೇಳುತ್ತಿದ್ದ ಮಾತನ್ನು ನಾನು, ಪಕ್ಕದಲ್ಲಿ ಮಲಗಿದ ಮಗು ಏಳದ ಹಾಗೆ, ಹೆಂಡತಿಗೆ ಹೇಳಿ ಅಭ್ಯಾಸ ಮಾಡಿದೆ. ಸಿಟ್ಟಿನ ಮಾತನ್ನೂ ಹಾಗೇ. ಮೂರನೇ ದಿನದ ಹೊತ್ತಿಗೆ ದನಿ ಇಳಿದಿತ್ತು, ಸಿಟ್ಟು ಇಳಿದಿರಲಿಲ್ಲ.

ಉತ್ತರ 2: ನನ್ನ ಕಷ್ಟ ಬೇರೆ. ಕ್ಲೋಸ್-ಅಪ್ ತೆಗೆಯುವಾಗ ಎದುರಿಗೆ ಯಾರೂ ಇರುತ್ತಿರಲಿಲ್ಲ, ಗೋಡೆಗೆ ಅಂಟಿಸಿದ ಟೇಪ್ ಅಷ್ಟೇ. ಗಂಟಲು ಕಟ್ಟಿಬಿಡುತ್ತಿತ್ತು. ಗ್ಯಾಂಡಾಲ್ಫ್ ಮತ್ತೆ ಬರುವ 'ಹಾಬಿಟ್' ಸಿನಿಮಾದ ಚಿತ್ರೀಕರಣದಲ್ಲಿ ಮೆಕೆಲನ್ ಕೂಡ ಸಹನಟರಿಲ್ಲದೆ, ಅವರ ಫೋಟೊಗಳ ಎದುರು ನಟಿಸಬೇಕಾಗಿ ಬಂದು ಅತ್ತಿದ್ದರು ಅಂತ ಓದಿದೆ. ಕೊರತೆ ನನ್ನದೊಬ್ಬಳದೇ ಅಲ್ಲ ಅಂತ ಧೈರ್ಯ ಬಂತು. ಈಗ ಎದುರು ಪಾತ್ರದವರನ್ನು ನೇರವಾಗಿ ಕೇಳುತ್ತೇನೆ: "ಐದು ನಿಮಿಷ ಕ್ಯಾಮೆರಾ ಪಕ್ಕ ನಿಂತು ನಿಮ್ಮ ಮಾತು ಹೇಳ್ತೀರಾ?" ಇದುವರೆಗೆ ಯಾರೂ ಆಗಲ್ಲ ಅಂದಿಲ್ಲ.

ಉತ್ತರ 3: ಇಬ್ಬರೂ ಹೇಳಿದ್ದು ಸರಿ. ಜೊತೆಗೆ, ನಾಟಕ ಬಿಡಬೇಡಿ. ಗ್ಯಾಂಡಾಲ್ಫ್ ಆದಮೇಲೂ ಮೆಕೆಲನ್ 2007ರಲ್ಲಿ ರಂಗದ ಮೇಲೆ ಶೇಕ್ಸ್‌ಪಿಯರ್‌ನ ಕಿಂಗ್ ಲಿಯರ್ ಆಡಿದರು. ಎಂಬತ್ತು ತುಂಬಿದ 2019ರಲ್ಲಿ ಒಬ್ಬರೇ ಊರೂರು ಸುತ್ತಿ 80 ರಂಗಮಂದಿರಗಳಲ್ಲಿ ಪ್ರದರ್ಶನ ಕೊಟ್ಟರು. ನಿಮ್ಮ ಶೂಟಿಂಗ್ ಇನ್ನೂ ಎಷ್ಟು ದಿನ ಇದೆ? ಮಗು ಏಳದ ಹಾಗೆ ಹೇಳುವ ಅಭ್ಯಾಸ ಇವತ್ತೇ ಶುರು ಮಾಡಿ, ಹೇಗಾಯ್ತು ಅಂತ ಬರೆಯಿರಿ.