ಲೇಬಲ್‌ನ ಮೊದಲ ಸಂಕಲನ: ಅನುಭವವಿದ್ದವರು ಹೇಳಿದ್ದು

ಕೋರಿಕೆ: ಬೆಂಗಳೂರಿನಲ್ಲಿ ನಾವು ಮೂವರು ನಡೆಸುತ್ತಿರುವ ಪುಟ್ಟ ರೆಕಾರ್ಡ್ ಲೇಬಲ್‌ನಲ್ಲಿ (ಹಾಡುಗಳನ್ನು ಬಿಡುಗಡೆ ಮಾಡುವ ಸಂಸ್ಥೆಯಲ್ಲಿ) ಈಗ ಒಂಬತ್ತು ಮಂದಿ ಕಲಾವಿದರಿದ್ದು, ಅವರೆಲ್ಲರನ್ನೂ ಪರಿಚಯಿಸುವ ಸಂಕಲನವೊಂದನ್ನು ತರಬೇಕೆಂದಿದ್ದೇವೆ. ಬೆಲೆ, ಹಾಡುಗಳ ಆಯ್ಕೆ ಮತ್ತು ಹಕ್ಕುಗಳ ಬಗ್ಗೆ ಅನುಭವವಿರುವವರು ದಯವಿಟ್ಟು ತಿಳಿಸಿ.

ಉತ್ತರ 1: ಲಂಡನ್ನಿನ ಚೆರ್ರಿ ರೆಡ್ ಲೇಬಲ್ 1982ರ ಕೊನೆಯಲ್ಲಿ ‘ಪಿಲ್ಲೋಸ್ ಅಂಡ್ ಪ್ರೇಯರ್ಸ್’ ಸಂಕಲನವನ್ನು ತಂದಾಗ, 99 ಪೆನ್ಸ್‌ಗಿಂತ ಹೆಚ್ಚು ಕೊಡಬೇಡಿ ಎಂದು ಹೊದಿಕೆಯ ಮೇಲೆಯೇ ಅಚ್ಚು ಹಾಕಿಸಿತ್ತು. ಹೆಸರೇ ಕೇಳದ ಗಾಯಕರ ಎಲ್‌ಪಿಯನ್ನು ಕೊಳ್ಳಲು ಆ ಬೆಲೆಗೆ ಯಾರೂ ಹಿಂದೆಮುಂದೆ ನೋಡಬೇಕಿರಲಿಲ್ಲ. ಬ್ರಿಟನ್ನಿನ ಸ್ವತಂತ್ರ ಲೇಬಲ್‌ಗಳ ರೆಕಾರ್ಡುಗಳ ಮಾರಾಟದ ಪಟ್ಟಿಯಲ್ಲಿ ಅದು ಹಲವು ವಾರ ಮೊದಲ ಸ್ಥಾನದಲ್ಲಿತ್ತು. ಅದರಲ್ಲಿ ಗಾಯಕಿ ಟ್ರೇಸಿ ಥಾರ್ನ್ ಒಬ್ಬರೇ ಮರೀನ್ ಗರ್ಲ್ಸ್ ತಂಡದಲ್ಲಿ, ತಮ್ಮದೇ ಹೆಸರಿನಲ್ಲಿ, ಬೆನ್ ವಾಟ್ ಜೊತೆಗಿನ ಎವೆರಿಥಿಂಗ್ ಬಟ್ ದ ಗರ್ಲ್ ಜೋಡಿಯಲ್ಲಿ, ಹೀಗೆ ಮೂರು ಕಡೆ ಇದ್ದಾರೆ. ಆದ್ದರಿಂದ ಎಲೆಗೊಂದು ಹೋಳಿಗೆ ಎನ್ನುವ ಪಂಕ್ತಿಯೂಟದ ನ್ಯಾಯ ನಿಮಗೂ ಬೇಡ. ಒಳ್ಳೆಯ ಹಾಡು ಎರಡಿದ್ದವರಿಗೆ ಎರಡು ಕೊಡಿ.

ಉತ್ತರ 2: ಅಗ್ಗ ಮಾಡುವುದೊಂದೇ ದಾರಿಯಲ್ಲ. ಅಮೆರಿಕದ ಸಿಯಾಟಲ್‌ನ ಸಬ್ ಪಾಪ್ ಲೇಬಲ್ 1988ರಲ್ಲಿ ‘ಸಬ್ ಪಾಪ್ 200’ ಸಂಕಲನವನ್ನು ಮೂರು ರೆಕಾರ್ಡುಗಳ ಪೆಟ್ಟಿಗೆಯಾಗಿ, 5000 ಪ್ರತಿಗಳಿಗೆ ಮಿತಿಗೊಳಿಸಿ ತಂದಿತು. ನಿರ್ವಾಣ, ಸೌಂಡ್‌ಗಾರ್ಡನ್, ಮಡ್‌ಹನಿ ತಂಡಗಳು ಅದರಲ್ಲಿದ್ದವು. ಆದರೆ ನಾನು ಪೆಟ್ಟು ತಿಂದದ್ದು ಬೆಲೆಯಲ್ಲಲ್ಲ, ಮಾಸ್ಟರಿಂಗ್‌ನಲ್ಲಿ, ಅಂದರೆ ಬಿಡುಗಡೆಗೆ ಮುನ್ನ ಹಾಡುಗಳ ದನಿಯನ್ನು ಕೊನೆಯದಾಗಿ ಹದಗೊಳಿಸುವ ಕೆಲಸದಲ್ಲಿ. ನಮ್ಮ ಸಂಕಲನದಲ್ಲಿ ಏಳು ಹಾಡುಗಳನ್ನು ಬೇರೆ ಬೇರೆ ಸ್ಟುಡಿಯೋಗಳಿಂದ ಬಂದ ಹಾಗೆಯೇ ಸೇರಿಸಿಬಿಟ್ಟಿದ್ದೆವು. ಬರೀ ತಂಬೂರಿಯೊಂದಿಗೆ ಹಾಡಿದ ತತ್ತ್ವಪದವೊಂದು ಮುಗಿದ ಕೂಡಲೇ ಡ್ರಮ್ಸ್ ಸಿಡಿಯುತ್ತಿತ್ತು. ಕಾರಿನಲ್ಲಿ ಕೇಳಿಸಲು ಹೋದಾಗ ನಮ್ಮ ಭಾವ ಬೆಚ್ಚಿಬಿದ್ದು ವಾಲ್ಯೂಮ್ ತಗ್ಗಿಸಿದರು, ಮುಂದಿನ ಹಾಡಿಗೆ ಮತ್ತೆ ಏರಿಸಿದರು, ನಾಲ್ಕನೆಯದಕ್ಕೆ ರೇಡಿಯೋ ಹಾಕಿದರು. ಎಲ್ಲ ಹಾಡುಗಳ ಅಂತಿಮ ಮಾಸ್ಟರಿಂಗ್ ಅನ್ನು ಒಬ್ಬರೇ, ಅನುಕ್ರಮ ನಿರ್ಧಾರವಾದ ಮೇಲೆ, ಒಟ್ಟಿಗೆ ಕೂತು ಮಾಡಲಿ. ಮೆಲುದನಿಯ ಹಾಡನ್ನು ಗದ್ದಲದ ಹಾಡಿನಷ್ಟೇ ಜೋರು ಮಾಡಬೇಕೆಂದಲ್ಲ, ಕೇಳುವವರ ಕೈ ವಾಲ್ಯೂಮ್ ಗುಂಡಿಯ ಕಡೆಗೆ ಹೋಗದಿದ್ದರೆ ಸಾಕು.

ಉತ್ತರ 3: ಹಕ್ಕುಗಳ ಬಗ್ಗೆ ಯಾರೂ ಹೇಳಲಿಲ್ಲವಾದ್ದರಿಂದ ಬರೆಯುತ್ತಿದ್ದೇನೆ. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಸಾಹಿತ್ಯ, ಸಂಗೀತ, ಧ್ವನಿಮುದ್ರಣ ಮೂರೂ ಬೇರೆ ಬೇರೆ ಕೃತಿಗಳು. ಹಾಡಿದವರು ಒಪ್ಪಿದ ಮಾತ್ರಕ್ಕೆ ಬರೆದವರು ಒಪ್ಪಿದಂತಾಗುವುದಿಲ್ಲ. ಹಕ್ಕಿನ ವರ್ಗಾವಣೆ ಲಿಖಿತವಾಗಿ, ಸಹಿಯೊಂದಿಗೆ ಇರಬೇಕು. ಪತ್ರದಲ್ಲಿ ಅವಧಿ ನಮೂದಿಸದಿದ್ದರೆ ಅದು 5 ವರ್ಷವೆಂದೂ, ವ್ಯಾಪ್ತಿ ಹೇಳದಿದ್ದರೆ ಭಾರತಕ್ಕಷ್ಟೇ ಎಂದೂ ಕಾಯ್ದೆ ಭಾವಿಸುತ್ತದೆ. ನಾವು ಇವೆರಡನ್ನೂ ಖಾಲಿ ಬಿಟ್ಟು, ಅಮೆರಿಕದ ಕನ್ನಡ ಕೂಟದವರು ಪ್ರತಿಗಳನ್ನು ಕೇಳಿದಾಗ ಮತ್ತೆ ಮನೆಮನೆಗೆ ಹೋಗಿ ಸಹಿ ಹಾಕಿಸಬೇಕಾಯಿತು. ಹಿಂದೆಯೇ ಬಿಡುಗಡೆಯಾದ ಹಾಡಾದರೆ ಅದರ ಹಳೆಯ ಐಎಸ್‌ಆರ್‌ಸಿ ಸಂಖ್ಯೆಯನ್ನೇ (ಪ್ರತಿ ಧ್ವನಿಮುದ್ರಣವನ್ನು ಗುರುತಿಸುವ ಅಂತರರಾಷ್ಟ್ರೀಯ ಸಂಖ್ಯೆ) ಕೊಡಿ. ಹೊಸ ಮಿಕ್ಸ್ (ದನಿಗಳ ಹೊಸ ಜೋಡಣೆ) ಮಾಡಿದ್ದರೆ ಹೊಸದು ಬೇಕು.