ಪಕ್ಕವಾದ್ಯವೋ, ಸಾಥೋ, ಇಂಬೋ?

ಎಲ್ಲರಿಗೂ ನಮಸ್ಕಾರ.

ಜಾಝ್ ಪಿಯಾನೊ ವಾದಕ ಟಾಮಿ ಫ್ಲಾನಗನ್ ಅವರ ಬಗ್ಗೆ ಕನ್ನಡದಲ್ಲಿ ಒಂದು ಲೇಖನ ಬರೆಯುತ್ತಿದ್ದೇನೆ. ಮೂರು ದಿನದಿಂದ ಒಂದೇ ವಾಕ್ಯದ ಮುಂದೆ ಕೂತಿದ್ದೇನೆ: "ಗಾಯಕಿ ಎಲಾ ಫಿಟ್ಜೆರಾಲ್ಡ್ ಅವರಿಗೆ ಇವರು ಹತ್ತು ವರ್ಷಕ್ಕೂ ಮಿಕ್ಕಿ ಪಕ್ಕವಾದ್ಯ ನುಡಿಸಿದರು." ವ್ಯಾಕರಣ ಸರಿಯಿದೆ, ಅರ್ಥವೂ ಆಗುತ್ತದೆ. ಆದರೆ 'ಪಕ್ಕವಾದ್ಯ' ಅಂದೊಡನೆ ನಮ್ಮ ಕಣ್ಣಮುಂದೆ ಬರುವುದು ಕಛೇರಿಯ ಪಿಟೀಲು. ಹಾಡುವವರು ಒಂದು ಸಂಗತಿ ಹಾಕಿದರೆ ಪಿಟೀಲು ಅದಕ್ಕೆ ನೆರಳಾಗಿ ಬೆನ್ನಿಗೇ ಬರುತ್ತದೆ. ಫ್ಲಾನಗನ್ ಮಾಡುತ್ತಿದ್ದದ್ದು ಬೇರೆ ಕೆಲಸ. ಅದಕ್ಕೆ ಒಪ್ಪುವ ಕನ್ನಡ ಪದ ಹುಡುಕುತ್ತಿದ್ದೇನೆ.

1977ರಲ್ಲಿ ಸ್ವಿಟ್ಜರ್ಲೆಂಡಿನ ಮಾಂಟ್ರೋದಲ್ಲಿ ಇವರ ತ್ರಯದೊಂದಿಗೆ, ಅಂದರೆ ಮೂವರು ವಾದಕರ ತಂಡದೊಂದಿಗೆ, ಎಲಾ ಹಾಡಿದ ಧ್ವನಿಮುದ್ರಣವಿದೆ. ಅಲ್ಲಿ ಪಿಯಾನೊ ಹಾಡಿನ ಧಾಟಿಯ ಹಿಂದೆ ಓಡುವುದಿಲ್ಲ. ಆಕೆ ಸಾಲು ಮುಗಿಸಿ ಉಸಿರೆಳೆದುಕೊಳ್ಳುವ ಎಡೆಯಲ್ಲಿ ಒಂದೆರಡು ಕಾರ್ಡ್ (ಒಟ್ಟಿಗೇ ನುಡಿಸುವ ಸ್ವರಗಳ ಗುಚ್ಛ) ಬೀಳುತ್ತವೆ, ಮತ್ತೆ ಮೌನ. ಮುಂದಿನ ಸಾಲು ಕಾಲಿಡಬೇಕಾದ ನೆಲ ಮೊದಲೇ ಸಿದ್ಧವಾಗಿರುತ್ತದೆ. ಜಾಝ್‌ನವರು ಇದನ್ನು 'ಕಾಂಪಿಂಗ್' ಅನ್ನುತ್ತಾರೆ. ಜೊತೆಗೂಡು ಎಂಬರ್ಥದ ಇಂಗ್ಲಿಷ್ ಪದದಿಂದ ಬಂತೋ, ಪೂರಕವಾಗು ಎಂಬರ್ಥದ್ದರಿಂದಲೋ ಎನ್ನುವಲ್ಲಿ ಅವರಲ್ಲೇ ಎರಡು ಮಾತಿದೆ.

ಧಾರವಾಡದ ಕಡೆಯವರು 'ಸಾಥ್' ಅನ್ನುತ್ತಾರೆ. "ಪೇಟಿ ಸಾಥ್ ಛಲೋ ಆತು" ಅನ್ನುವ ಮಾತಿನಲ್ಲಿ ಇರುವ ಸಲಿಗೆ ನನಗೆ ಬಹಳ ಇಷ್ಟ. ಆದರೆ ಹಾರ್ಮೋನಿಯಂ ಕೂಡ ಹಾಡುವವರ ತಾನಿನ ಬಾಲ ಹಿಡಿದೇ ಹೋಗುತ್ತದೆ. 'ಹಿಮ್ಮೇಳ' ಇನ್ನೊಂದು. ಯಕ್ಷಗಾನದಲ್ಲಿ ಆಟ ನಡೆಸುವ ಭಾಗವತರು ಕೂರುವುದೇ ಹಿಮ್ಮೇಳದಲ್ಲಿ, ಆದ್ದರಿಂದ ಅಲ್ಲಿ 'ಹಿಂದೆ' ಅಂದರೆ ಕಡಿಮೆ ಅಂತಲ್ಲ. ಸುಗಮ ಸಂಗೀತಕ್ಕೆ ಬಂದಾಗ ಆ ಗೌರವ ಪದದಿಂದ ಕಳಚಿಹೋಗಿದೆ. ಅಲ್ಲದೆ ಅದು ಮೇಳ. ನನಗೆ ಬೇಕಿರುವುದು ಒಬ್ಬರ ಎರಡು ಕೈಗಳ ಕೆಲಸಕ್ಕೆ ಹೆಸರು.

ಇಷ್ಟು ಹಟ ಯಾಕೆಂದರೆ ಈ ಪದದ ಮೇಲೆ ಒಂದು ಇಡೀ ಬದುಕು ನಿಂತಿದೆ. 1930ರಲ್ಲಿ ಡೆಟ್ರಾಯಿಟ್‌ನಲ್ಲಿ ಹುಟ್ಟಿದ ಫ್ಲಾನಗನ್ ಆರನೇ ವಯಸ್ಸಿಗೆ ಕ್ಲಾರಿನೆಟ್, ಹನ್ನೊಂದಕ್ಕೆ ಪಿಯಾನೊ ಹಿಡಿದರು. 1956ರಲ್ಲಿ ನ್ಯೂಯಾರ್ಕಿಗೆ ಬಂದರು. ಆ ವರ್ಷ ಸ್ವಲ್ಪ ಕಾಲ, ಆಮೇಲೆ 1963ರಿಂದ 65, ಮತ್ತೆ 1968ರಿಂದ 78ರವರೆಗೆ ಎಲಾ ಜೊತೆಗಿದ್ದರು. ಹೃದಯಾಘಾತವಾದ ಮೇಲೆ ಅದನ್ನು ಬಿಟ್ಟು, 2001ರಲ್ಲಿ ತೀರಿಕೊಳ್ಳುವವರೆಗೂ ಹೆಚ್ಚಾಗಿ ತಮ್ಮದೇ ತ್ರಯ ಕಟ್ಟಿಕೊಂಡು ನುಡಿಸಿದರು.

ನಡುವೆ 1959ರಲ್ಲಿ ಸ್ಯಾಕ್ಸೊಫೋನ್ ವಾದಕ ಜಾನ್ ಕೋಲ್ಟ್ರೇನ್ ಅವರ 'ಜೈಂಟ್ ಸ್ಟೆಪ್ಸ್' ರಚನೆಯ ಧ್ವನಿಮುದ್ರಣ. ಹೆಚ್ಚುಕಡಿಮೆ ತಾಳದ ಎರಡೆರಡು ಏಟಿಗೆ ಕಾರ್ಡ್ ಬದಲಾಗುವ ಓಟ ಅದು. ಫ್ಲಾನಗನ್ ಅವರ ತನಿ, ಅಂದರೆ ಮುಂದೆ ನಿಂತು ನುಡಿಸುವ ಸರದಿ, ಬಂದಾಗ ಸ್ವರಗಳ ಸಾಲು ತುಂಡುತುಂಡಾಗುತ್ತದೆ, ಕೊನೆಗೆ ಕೈ ಬರೀ ಕಾರ್ಡ್‌ಗಳ ಮೇಲೆ ಹೋಗಿ ನಿಲ್ಲುತ್ತದೆ. ಎಡವಿದರು ಅಂತ ಇಂದಿಗೂ ಹೇಳುವವರಿದ್ದಾರೆ. ನನಗೆ ಕೇಳಿಸುವುದು, ಓಟ ತಪ್ಪಿದಾಗ ತನ್ನ ನಿಜವಾದ ಕಸುಬಿಗೆ ಮರಳಿದ ಕೈ. 1982ರಲ್ಲಿ ಅದೇ ರಚನೆಯನ್ನು ಅವರು ತಮ್ಮ ತ್ರಯದೊಂದಿಗೆ ಮತ್ತೆ ನುಡಿಸಿ ಮುದ್ರಿಸಿದರು, ಈ ಸಲ ಸಲೀಸಾಗಿ.

ನನಗೆ ಹೊಳೆದಿರುವ ಪದ 'ಇಂಬು'. ಎಡೆ, ಜಾಗ ಎಂಬರ್ಥವೂ ಅದಕ್ಕಿದೆ, ಆಸರೆ ಎಂಬರ್ಥವೂ ಇದೆ. ಹಾಡುವವರಿಗೆ ಜಾಗ ಬಿಡುವುದೂ ಆಸರೆಯಾಗುವುದೂ ಒಂದೇ ಕೈಯಿಂದ ಆಗುವ ಈ ಕೆಲಸಕ್ಕೆ ಇಷ್ಟು ಹತ್ತಿರದ ಮಾತು ಬೇರೆ ಕಾಣಲಿಲ್ಲ. "ಎಲಾ ಹಾಡಿಗೆ ಇವರ ಪಿಯಾನೊ ಇಂಬುಗೊಟ್ಟಿತು" ಎಂದು ಕ್ರಿಯಾಪದವಾಗಿ ಸುಲಭವಾಗಿ ನಿಲ್ಲುತ್ತದೆ. ವ್ಯಕ್ತಿಯನ್ನು ಹೇಳುವಾಗ ತೊಡಕು: 'ಇಂಬುಗಾರ' ನನ್ನ ಕಿವಿಗೆ ಒಗ್ಗುತ್ತಿಲ್ಲ.

ಹಾಗಾಗಿ ಎರಡು ಪ್ರಶ್ನೆ. ನಾಟಕ ಕಂಪನಿಗಳಲ್ಲಿ ಲೆಗ್ ಹಾರ್ಮೋನಿಯಂ ನುಡಿಸುತ್ತಿದ್ದವರು ನಟರ ಹಾಡಿಗೆ ಎಡೆ ನೋಡಿ ಸ್ವರ ಕೊಡುವುದಕ್ಕೆ ತಮ್ಮೊಳಗೆ ಏನಾದರೂ ಹೆಸರಿಟ್ಟುಕೊಂಡಿದ್ದರೇ? ನಿಮ್ಮ ಊರ ಕಡೆ 'ಇಂಬು' ಇಂದಿಗೂ ಆಡುಮಾತಿನಲ್ಲಿದೆಯೇ, ಇದ್ದರೆ ಯಾವ ಅರ್ಥದಲ್ಲಿ?